ನಡುನೀರಲ್ಲಿ ಕೈಬಿಟ್ಟ ಹಡಗು: ತಮ್ಮನನ್ನು ಮನೆಗೆ ತಂದ ಬಗೆ

ಹಡಗಿನ ಮಾಲೀಕ ಸಿಬ್ಬಂದಿಯನ್ನು ಸಮುದ್ರದಲ್ಲೇ ಬಿಟ್ಟು ಫೋನ್ ಎತ್ತದೆ ಹೋದರೆ ಮನೆಯವರು ಯಾರ ಬಾಗಿಲು ತಟ್ಟಬೇಕು? 2024ರಲ್ಲಿ ಈ ಪ್ರಶ್ನೆ ನಮ್ಮ ಮನೆಗೆ ಬಂತು. ಗಂಗಾವತಿಯಲ್ಲಿ ಭತ್ತದ ರೇಟು ಕೇಳಿದರೆ, ಕಾಲುವೆಗೆ ನೀರು ಯಾವಾಗ ಅಂತ ಕೇಳಿದರೆ ಹತ್ತು ಜನ ಹೇಳುತ್ತಾರೆ. ಹಡಗಿನ ವಿಷಯ ಯಾರನ್ನು ಕೇಳೋದು? ಒಂದೊಂದೇ ಕಲಿಯುತ್ತಾ ಹೋದೆ. ನಮ್ಮ ಸುತ್ತಲಿನ ಹುಡುಗರು ಈಗ ಮರ್ಚೆಂಟ್ ನೇವಿ ಅಂತ ವಿಚಾರಿಸುವುದು ಜಾಸ್ತಿಯಾಗಿದೆ. ಅವರ ಮನೆಯವರಿಗಾಗಿ ಇದನ್ನು ಬರೆಯುತ್ತಿದ್ದೇನೆ.

ನಾನು ಅಕ್ಕಿ ಗಿರಣಿಯೊಂದರ ಆಫೀಸಿನಲ್ಲಿ ಕಂಪ್ಯೂಟರ್ ಕೆಲಸ ಮಾಡುತ್ತೇನೆ. ತಮ್ಮ ಐಟಿಐ ಫಿಟ್ಟರ್. ಅದು ಮುಗಿದ ಮೇಲೆ ಆರು ತಿಂಗಳ ಜಿಪಿ ರೇಟಿಂಗ್ ಕೋರ್ಸ್ ಮಾಡಿದ. ಹಡಗಿನಲ್ಲಿ ಕೆಳಗಿನ ಹಂತದ ಕೆಲಸಕ್ಕೆ ಸೇರಲು ಬೇಕಾದ ತರಬೇತಿ ಅದು. ಸಿಡಿಸಿ, ಅಂದರೆ ನಾವಿಕನ ಪುಸ್ತಕವೂ ಕೈಗೆ ಬಂತು. ಹಡಗು ಮಾತ್ರ ಸಿಗಲಿಲ್ಲ. ಒಳ್ಳೆಯ ಕಂಪನಿಗಳು ಅನುಭವ ಕೇಳುತ್ತವೆ. ಅನುಭವ ಬೇಕಾದರೆ ಮೊದಲು ಹಡಗು ಹತ್ತಬೇಕು. ಈ ಸಂದಿಯಲ್ಲೇ ಏಜೆಂಟರು ಕೂತಿರುತ್ತಾರೆ.

ನವಿ ಮುಂಬೈನ ಒಬ್ಬ ಏಜೆಂಟ್ ಎರಡೂವರೆ ಲಕ್ಷ ಕೇಳಿದ. ಅಪ್ಪ ಹೊಲದ ಮೇಲೆ ಸಾಲ ಎತ್ತಿ ಕೊಟ್ಟರು. ಭಾರತದಲ್ಲಿ ನಾವಿಕರನ್ನು ಹಡಗಿಗೆ ಸೇರಿಸುವವರಿಗೆ ಡಿಜಿ ಶಿಪ್ಪಿಂಗ್, ಅಂದರೆ ಕೇಂದ್ರ ಸರ್ಕಾರದ ಹಡಗು ವಿಭಾಗ, ಕೊಡುವ ಆರ್‌ಪಿಎಸ್‌ಎಲ್ ಎಂಬ ಲೈಸೆನ್ಸ್ ಇರಲೇಬೇಕು. ಲೈಸೆನ್ಸ್ ಇದ್ದವರೂ ಕೆಲಸ ಕೊಡಿಸಿದ್ದಕ್ಕೆ ನಾವಿಕನಿಂದ ದುಡ್ಡು ತೆಗೆದುಕೊಳ್ಳುವ ಹಾಗಿಲ್ಲ. ಈ ಏಜೆಂಟನ ಲೆಟರ್‌ಹೆಡ್ಡಿನಲ್ಲಿ ಲೈಸೆನ್ಸ್ ನಂಬರ್ ಇತ್ತು. ಆದರೆ ಅದು ಬೇರೊಂದು ಕಂಪನಿಯದ್ದು. ಆ ಕಂಪನಿಯವರಿಗೆ ಫೋನ್ ಮಾಡಿದಾಗ ಈ ಮನುಷ್ಯ ಯಾರೆಂದೇ ಅವರಿಗೆ ಗೊತ್ತಿರಲಿಲ್ಲ.

ತಮ್ಮ ಹತ್ತಿದ್ದು ಒಂದು ಸಣ್ಣ ಜನರಲ್ ಕಾರ್ಗೋ ಹಡಗು. ಅವನು ಹುಟ್ಟುವ ಎಷ್ಟೋ ವರ್ಷ ಮೊದಲು, 1980ರ ದಶಕದಲ್ಲಿ ಕಟ್ಟಿದ್ದು. ಕಾಂಡ್ಲಾದಿಂದ ಅಕ್ಕಿ, ಸಕ್ಕರೆ ಹೇರಿಕೊಂಡು ಸೋಮಾಲಿಯಾ ಕಡೆಯ ಬರ್ಬೆರಾ, ಬೊಸಾಸೊ, ಯೆಮನ್‌ನ ಮುಕಲ್ಲಾ ಬಂದರುಗಳಿಗೆ ಹೋಗುತ್ತಿತ್ತು. ಇಂಥ ಹಡಗುಗಳಿಗೆ ಟ್ರಾಂಪ್ ಅನ್ನುತ್ತಾರೆ. ದೊಡ್ಡ ಕಂಟೇನರ್ ಹಡಗುಗಳು ನಮ್ಮ ಸಾರಿಗೆ ಬಸ್ಸಿನ ಹಾಗೆ, ಟೈಮ್ ಪ್ರಕಾರ ಗೊತ್ತಿರುವ ರೂಟಿನಲ್ಲಿ ಓಡುತ್ತವೆ. ಟ್ರಾಂಪ್ ಅಂದರೆ ಬಾಡಿಗೆ ಲಾರಿ. ಎಲ್ಲಿ ಲೋಡು ಸಿಕ್ಕಿತೋ ಅಲ್ಲಿಗೆ. ಇದರಲ್ಲಿ ತಪ್ಪೇನೂ ಇಲ್ಲ. ಸಣ್ಣ ಬಂದರುಗಳ ಜನರಿಗೆ ಅಕ್ಕಿ, ಸಿಮೆಂಟು ತಲುಪುವುದೇ ಇವುಗಳಿಂದ. ನಮ್ಮ ಗಿರಣಿಯಿಂದ ಹೊರಟ ಅಕ್ಕಿ ಕೊನೆಗೆ ಯಾವ ಹಡಗಿನಲ್ಲಿ ಹೋಗುತ್ತದೆ ಅಂತ ಅಲ್ಲಿಯವರೆಗೆ ನಾನು ಯೋಚನೆಯನ್ನೇ ಮಾಡಿರಲಿಲ್ಲ.

ಸೇರಿದ ಹೊಸದರಲ್ಲಿ ತಮ್ಮ ಒಂದು ಫೋಟೋ ಕಳಿಸಿದ್ದ. ಹಡಗಿನ ಮೂತಿಯ ಮೇಲೆ ಬಿಳಿ ಬಣ್ಣದಲ್ಲಿ ಹೆಸರು. ಅದರ ಕೆಳಗೆ, ಬಣ್ಣದ ಒಳಗಿನಿಂದ, ಬೇರೆ ಅಕ್ಷರಗಳು ಉಬ್ಬಿ ಕಾಣುತ್ತಿದ್ದವು. ಹಡಗು ಕಟ್ಟುವಾಗ ಹೆಸರನ್ನು ಬೆಸುಗೆ ಹಾಕಿ ಕೂರಿಸಿರುತ್ತಾರೆ. ಆಮೇಲೆ ಕೊಂಡವರು ಕೆರೆಯುವ ಖರ್ಚು ಉಳಿಸಲು ಅದರ ಮೇಲೇ ಬಣ್ಣ ಬಳಿದು ಹೊಸ ಹೆಸರು ಬರೆಯುತ್ತಾರೆ. ಆ ಉಬ್ಬು ಅಕ್ಷರಗಳು ಮುಂದೆ ನಮಗೆ ತುಂಬಾ ಉಪಯೋಗಕ್ಕೆ ಬಂದವು.

ಇಷ್ಟು ಹಳೆಯ ಹಡಗನ್ನು ಯಾಕೆ ಓಡಿಸುತ್ತಾರೆ? ಹಡಗಿಗೆ ಐದು ವರ್ಷಕ್ಕೊಮ್ಮೆ ದೊಡ್ಡ ತಪಾಸಣೆ ಇರುತ್ತದೆ. ನೀರಿನಿಂದ ಹೊರಗೆ, ಡ್ರೈ ಡಾಕಿಗೆ ಎತ್ತಿ ತಗಡಿನ ದಪ್ಪ ಅಳೆಯುತ್ತಾರೆ. ಸವೆದ ಕಡೆ ಹೊಸ ತಗಡು ಹಾಕಬೇಕು. ವಯಸ್ಸಾದಷ್ಟೂ ಈ ಖರ್ಚು ಏರುತ್ತದೆ. ಗಟ್ಟಿ ಕಂಪನಿಗಳು ಆ ಹೊತ್ತಿಗೆ ಹಡಗನ್ನು ಮಾರಿಬಿಡುತ್ತವೆ. ಕೊಳ್ಳುವವನು ಗುಜರಿಗಿಂತ ಸ್ವಲ್ಪ ಮೇಲಿನ ಬೆಲೆಗೆ ಕೊಳ್ಳುತ್ತಾನೆ. ಕಟ್ಟುನಿಟ್ಟಿಲ್ಲದ ದೇಶದಲ್ಲಿ ನೋಂದಾಯಿಸಿ ಅದರ ಬಾವುಟ ಹಾಕಿಸಿ, ಕೇಳಿದ ಹಾಗೆ ಸರ್ಟಿಫಿಕೇಟ್ ಕೊಡುವವರನ್ನು ಹಿಡಿದು, ಇನ್ನಷ್ಟು ವರ್ಷ ದುಡಿಸುತ್ತಾನೆ. ದುಡಿಮೆ ನಡೆಯುವವರೆಗೆ ಸರಿ. ಇಂಜಿನ್ ಕೈಕೊಟ್ಟರೆ, ಬಾಡಿಗೆ ಬಿದ್ದರೆ, ಬಂದರಿನ ಬಾಕಿ, ಡೀಸೆಲ್ ಬಾಕಿ, ಸಂಬಳ ಎಲ್ಲಾ ಸೇರಿ ಹಡಗಿನ ಗುಜರಿ ಬೆಲೆಯನ್ನೇ ಮೀರುತ್ತದೆ. ಆಗ ಮಾಲೀಕನಿಗೆ ಹಡಗು ಬಿಟ್ಟು ಹೋಗುವುದೇ ಲಾಭ. ಒಳಗೆ ಜನ ಇದ್ದಾರೆ ಅನ್ನುವುದು ಅವನ ಲೆಕ್ಕದಲ್ಲಿ ಬರುವುದಿಲ್ಲ. ನನಗೆ ಈಗಲೂ ಸಿಟ್ಟು ಬರುವುದು ಇಲ್ಲೇ.

ಬಾವುಟದ ವಿಷಯ ಗೊತ್ತಾದಾಗ ನಂಬಲು ಆಗಲಿಲ್ಲ. ಹಡಗು ಯಾರದ್ದೋ, ಬಾವುಟ ಯಾವ ದೇಶದ್ದೋ. ಮಾಲೀಕನಿಗೂ ಆ ದೇಶಕ್ಕೂ ಸಂಬಂಧ ಇರಬೇಕೆಂದೇನಿಲ್ಲ. 2009ರ ಸೆಪ್ಟೆಂಬರ್‌ನಲ್ಲಿ ಒಡಿಶಾದ ಪಾರಾದೀಪ್ ಹತ್ತಿರ ಕಬ್ಬಿಣದ ಅದಿರು ಹೇರಿದ್ದ ಬ್ಲ್ಯಾಕ್ ರೋಸ್ ಎಂಬ ಹಡಗು ಮುಳುಗಿತು. ಅದರ ಮೇಲಿದ್ದದ್ದು ಮಂಗೋಲಿಯಾದ ಬಾವುಟ, ಸಮುದ್ರವೇ ಇಲ್ಲದ ದೇಶ! ಅದರ ವಿಮೆಯ ಕಾಗದ ನಕಲಿ ಅಂತ ಆಮೇಲೆ ಬಯಲಾಯಿತು. ಅದು ಅದಿರಿನ ಭರಾಟೆಯ ಕಾಲ. ಬಳ್ಳಾರಿ, ಹೊಸಪೇಟೆ, ಸಂಡೂರಿನ ರಸ್ತೆಗಳಲ್ಲಿ ಲಾರಿಗಳ ಸಾಲು ನೋಡಿದವರು ನಾವು. ಲಾರಿ ಬಂದರು ಮುಟ್ಟಿದ ಮೇಲೆ ಅದಿರನ್ನು ಹೊತ್ತ ಹಡಗುಗಳು ಹೇಗಿದ್ದವು ಅಂತ ಇಲ್ಲಿ ಯಾರು ಕೇಳಿದ್ದರು?

2024ರ ಬೇಸಿಗೆ ಹೊತ್ತಿಗೆ ತಮ್ಮನ ಸಂಬಳ ನಿಂತಿತು. ತಿಂಗಳಿಗೆ 400 ಡಾಲರ್ ಅಂತ ಕಾಗದದಲ್ಲಿತ್ತು. ಮೊದಲು ತಡವಾಗಿ ಬರುತ್ತಿತ್ತು, ಆಮೇಲೆ ಅರ್ಧ, ಆಮೇಲೆ ಏನೂ ಇಲ್ಲ. ಹಡಗು ಇಂಜಿನ್ ಕೆಟ್ಟು ಶಾರ್ಜಾದ ಹೊರಗೆ ಲಂಗರು ಹಾಕಿ ನಿಂತಿತು. ಮ್ಯಾನೇಜರ್ ಕಂಪನಿಯವರು ಮೊದಲು "ನಾಳೆ ಸ್ಪೇರ್ ಪಾರ್ಟ್ ಬರುತ್ತೆ" ಅಂದರು. ನಂತರ ಫೋನ್ ಎತ್ತುವುದನ್ನೇ ಬಿಟ್ಟರು. ಡೀಸೆಲ್ ಉಳಿಸಲು ಜನರೇಟರನ್ನು ದಿನಕ್ಕೆ ಸ್ವಲ್ಪ ಹೊತ್ತು ಮಾತ್ರ ಹಾಕುತ್ತಿದ್ದರು. ಆ ಸೆಕೆಯಲ್ಲಿ ಒಳಗೆ ಮಲಗಲು ಆಗದೆ ಎಲ್ಲರೂ ಡೆಕ್ ಮೇಲೆ ಮಲಗುತ್ತಿದ್ದರು. ಫ್ರೀಜರ್ ನಿಂತು ಇದ್ದಬದ್ದ ಮಾಂಸ ಕೊಳೆತಿತ್ತು. ಅನ್ನ, ಬೇಳೆ, ಗಾಳ ಹಾಕಿ ಹಿಡಿದ ಮೀನು, ಅಷ್ಟೇ ಊಟ.

ಆಗಸ್ಟ್ 10ರ ರಾತ್ರಿ ತುಂಗಭದ್ರಾ ಡ್ಯಾಮಿನ 19ನೇ ಗೇಟ್ ಕಿತ್ತುಹೋಯಿತು. ನಮ್ಮ ಕಡೆ ಎಲ್ಲರ ಬಾಯಲ್ಲೂ ನೀರಿನ ಮಾತೇ. ಹೊಲಕ್ಕೆ ನೀರು ಸಿಗುತ್ತೋ ಇಲ್ಲವೋ ಅಂತ ಅಪ್ಪ ನಿದ್ದೆ ಬಿಟ್ಟಿದ್ದರು. ಅದೇ ವಾರ ತಮ್ಮನ ಫೋನ್ ಬಂತು.

"ಅಕ್ಕಾ, ಟ್ಯಾಂಕಿನ ನೀರು ಕೆಂಪಗ ಬರಾಕತ್ತೈತಿ. ಬರೇ ತುಕ್ಕು. ಬಟ್ಟೀಲೆ ಸೋಸಿ, ಕುದಿಸಿ ಕುಡಿಯಾಕತ್ತೀವಿ. ಅವ್ವಗ ಹೇಳಬ್ಯಾಡ."

ಅವ್ವನಿಗೆ ಹೇಳಲಿಲ್ಲ. ಅವ್ವ ಆಗಲೇ ಹುಲಿಗೆಮ್ಮನಿಗೆ ಹರಕೆ ಹೊತ್ತಿದ್ದಳು, ಮಂಗಳವಾರ ಒಪ್ಪತ್ತು ಮಾಡುತ್ತಿದ್ದಳು. ಅಮ್ಮನವರ ದಯೆ ಬೇಕೇ ಬೇಕು. ಜೊತೆಗೆ ಯಾರಿಗಾದರೂ ಪತ್ರ ಬರೆಯಲೂ ಬೇಕಿತ್ತು. ಆದರೆ ಯಾರ ಮೇಲೆ ದೂರು ಕೊಡೋದು? ಒಪ್ಪಂದದ ಕಾಗದದಲ್ಲಿ ಒಂದು ಕಂಪನಿ, ಸಂಬಳ ಹಾಕುತ್ತಿದ್ದದ್ದು ಇನ್ನೊಂದು, ಹಡಗಿನ ಮಾಲೀಕ ಎಂದು ಬರೆದಿದ್ದದ್ದು ಎಲ್ಲೋ ದ್ವೀಪದ ವಿಳಾಸದ ಮೂರನೆಯದು. ಆ ಮೂರನೆಯ ಕಂಪನಿಗೆ ಇದೊಂದೇ ಹಡಗು. ಇದರ ಸಾಲ ಅವರ ಬೇರೆ ಹಡಗುಗಳಿಗೆ ತಾಗದಿರಲಿ ಅಂತ ಹಾಗೆ ಮಾಡುತ್ತಾರೆ.

ದಾರಿ ಸಿಕ್ಕಿದ್ದು ಐಎಂಒ, ಅಂದರೆ ಅಂತರರಾಷ್ಟ್ರೀಯ ಕಡಲ ಸಂಸ್ಥೆಯ ನಂಬರಿನಿಂದ. ಹಡಗಿಗೆ ಏಳು ಅಂಕಿಯ ಈ ನಂಬರ್ ಕಟ್ಟುವಾಗಲೇ ಸಿಗುತ್ತದೆ. ಹೆಸರು ಬದಲಾದರೂ, ಬಾವುಟ ಬದಲಾದರೂ, ಮಾಲೀಕ ಬದಲಾದರೂ ಗುಜರಿಗೆ ಹೋಗುವವರೆಗೆ ಅದೇ ನಂಬರ್. 1996ರಿಂದ ಇದು ಕಡ್ಡಾಯ. ಹಡಗಿನ ಹೊರಮೈ ಮೇಲೂ, ಒಳಗೆ ಇಂಜಿನ್ ರೂಮಿನ ಗೋಡೆಯ ಮೇಲೂ ಅಳಿಸಲಾಗದ ಹಾಗೆ ಇರಬೇಕು. ಕೆಲವು ಕಳ್ಳ ಹಡಗುಗಳು ಗುಜರಿಗೆ ಹೋದ ಹಡಗಿನ ನಂಬರ್ ಹಾಕಿಕೊಂಡು ಓಡುವುದೂ ಉಂಟು. ಹಾಗಾಗಿ ಎರಡೂ ಕಡೆಯ ಫೋಟೋ ತೆಗೆಯಲು ತಮ್ಮನಿಗೆ ಹೇಳಿದೆ. ಎರಡೂ ಒಂದೇ ಇದ್ದವು.

ನಂಬರ್ ಸರಿಯಾಗಿದೆಯಾ ಅಂತ ಮನೆಯಲ್ಲೇ ಲೆಕ್ಕ ಹಾಕಬಹುದು. ಮೊದಲ ಆರು ಅಂಕಿಗಳನ್ನು ಕ್ರಮವಾಗಿ 7, 6, 5, 4, 3, 2ರಿಂದ ಗುಣಿಸಿ ಕೂಡಿಸಿ. ಮೊತ್ತದ ಕೊನೆಯ ಅಂಕಿಯೇ ಏಳನೆಯ ಅಂಕಿ ಆಗಿರಬೇಕು. 9074729 ಅನ್ನುವ ನಂಬರ್ ತೆಗೆದುಕೊಳ್ಳಿ. 63, 0, 35, 16, 21, 4, ಕೂಡಿದರೆ 139. ಕೊನೆಗೆ 9, ಸರಿ ಇದೆ. ಬಾಯಿಗೆ ಬಂದ ನಂಬರ್ ಹೇಳುವ ಏಜೆಂಟನನ್ನು ಎಷ್ಟೋ ಸಲ ಇಷ್ಟರಲ್ಲೇ ಹಿಡಿಯಬಹುದು.

ಆಮೇಲೆ ಎಕ್ವಾಸಿಸ್ ಎಂಬ ಜಾಲತಾಣ. ನೋಂದಾಯಿಸಿಕೊಂಡರೆ ಸಾಕು, ದುಡ್ಡು ಕೊಡಬೇಕಿಲ್ಲ. ನಂಬರ್ ಹಾಕಿದ ತಕ್ಷಣ ಹಡಗಿನ ಜಾತಕವೇ ಬಿಚ್ಚಿಕೊಂಡಿತು. ಹಳೆಯ ಹೆಸರುಗಳು, ಬಾವುಟಗಳು, ಯಾವ ಬಂದರಿನಲ್ಲಿ ಯಾವ ದೋಷಕ್ಕೆ ತಡೆದು ನಿಲ್ಲಿಸಿದ್ದರು, ಎಲ್ಲವೂ. ಮೂತಿಯ ಮೇಲೆ ಉಬ್ಬಿದ್ದ ಅಕ್ಷರಗಳು ಒಂದು ಹಳೆಯ ಹೆಸರಿಗೆ ಸರಿಯಾಗಿ ಹೊಂದಿದವು. ಇದು ಅದೇ ಹಡಗು ಅನ್ನುವುದರಲ್ಲಿ ಇನ್ನು ಅನುಮಾನ ಉಳಿಯಲಿಲ್ಲ.

ಆಮೇಲೆ ಪತ್ರ ಬರೆಯುವ ಕೆಲಸ. ಮುಂಬೈನ ಡಿಜಿ ಶಿಪ್ಪಿಂಗ್, ದುಬೈನ ಭಾರತೀಯ ಕಾನ್ಸುಲೇಟ್, ವಿದೇಶಾಂಗ ಇಲಾಖೆಯ ಮದದ್ ಪೋರ್ಟಲ್, ನಾವಿಕರ ಯೂನಿಯನ್, ಐಟಿಎಫ್. ಐಟಿಎಫ್ ಅಂದರೆ ಜಗತ್ತಿನ ಸಾರಿಗೆ ಕಾರ್ಮಿಕರ ಸಂಘಗಳ ಒಕ್ಕೂಟ. ಮೊದಲ ಪತ್ರ ಉದ್ದ ಬರೆದೆ. ಮನೆಯ ಕಷ್ಟ, ಅಪ್ಪನ ಸಾಲ, ಎಲ್ಲಾ. ಐಟಿಎಫ್‌ನ ಒಬ್ಬ ಇನ್‌ಸ್ಪೆಕ್ಟರ್ ಉತ್ತರಿಸಿ ಕೆಲವೇ ವಿಷಯ ಕೇಳಿದರು. ಐಎಂಒ ನಂಬರ್. ಹಡಗು ನಿಂತಿರುವ ಜಾಗ. ಎಷ್ಟು ಜನ, ಯಾವ ದೇಶದವರು. ಕೊನೆಯ ಸಂಬಳ ಯಾವಾಗ ಬಂತು. ಎಷ್ಟು ದಿನಕ್ಕೆ ಸಾಕಾಗುವ ನೀರು, ಆಹಾರ, ಡೀಸೆಲ್ ಇದೆ. ಇಷ್ಟನ್ನು ಒಂದೇ ಹಾಳೆಯಲ್ಲಿ, ಜೊತೆಗೆ ಒಪ್ಪಂದದ ಪ್ರತಿ ಮತ್ತು ಫೋಟೋಗಳು. ಅಂಥ ಹಾಳೆಯನ್ನು ಓದಿದವರು ಕೂಡಲೇ ಕೆಲಸಕ್ಕೆ ಇಳಿಯಬಹುದು.

ನಾವಿಕರ ಹಕ್ಕುಗಳಿಗೆ 2006ರ ಕಡಲ ಕಾರ್ಮಿಕ ಒಡಂಬಡಿಕೆ ಇದೆ, ಎಂಎಲ್‌ಸಿ ಅನ್ನುತ್ತಾರೆ. ಮಾಲೀಕ ಊರಿಗೆ ಕಳಿಸುವ ಖರ್ಚು ಕೊಡದಿದ್ದರೆ, ಊಟ-ನೀರು ಇಲ್ಲದೆ ಬಿಟ್ಟರೆ, ಅಥವಾ ಎರಡು ತಿಂಗಳ ಸಂಬಳ ಕೊಡದೆ ಸಂಬಂಧ ಕಡಿದುಕೊಂಡರೆ ಅದು "ಪರಿತ್ಯಕ್ತ" ಪ್ರಕರಣ. ಐಎಲ್‌ಒ, ಅಂದರೆ ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆ, ಇಂಥ ಪ್ರಕರಣಗಳ ಪಟ್ಟಿಯನ್ನು ಎಲ್ಲರಿಗೂ ಕಾಣುವ ಹಾಗೆ ಇಟ್ಟಿದೆ. ಆ ಪಟ್ಟಿಗೆ ನಾವೇ ಹಾಕಲು ಬರುವುದಿಲ್ಲ, ಐಟಿಎಫ್‌ನಂಥ ಸಂಘಟನೆ ಅಥವಾ ಸರ್ಕಾರ ಹಾಕಬೇಕು. ನಮ್ಮ ಹಡಗು ಪಟ್ಟಿಗೆ ಸೇರಿದ ಮೇಲೆ ಬಾವುಟದ ದೇಶದ ಕಚೇರಿಯೂ ಉತ್ತರ ಬರೆಯತೊಡಗಿತು. ಆ ವರ್ಷ ಪ್ರಪಂಚದಲ್ಲಿ 300ಕ್ಕೂ ಹೆಚ್ಚು ಹಡಗುಗಳಲ್ಲಿ 3000ಕ್ಕೂ ಹೆಚ್ಚು ನಾವಿಕರು ಹೀಗೆ ಸಿಕ್ಕಿಬಿದ್ದಿದ್ದರು ಅಂತ ಐಟಿಎಫ್ ಲೆಕ್ಕ ಹೇಳುತ್ತದೆ. ಅವರಲ್ಲಿ ಎಲ್ಲಕ್ಕಿಂತ ಜಾಸ್ತಿ ನಮ್ಮ ದೇಶದವರು.

ಇನ್‌ಸ್ಪೆಕ್ಟರ್ ಇನ್ನೊಂದು ಫೋಟೋ ಕೇಳಿದರು: ಮೆಸ್ ರೂಮಿನ ಗೋಡೆಗೆ ಅಂಟಿಸಿದ ವಿಮೆ ಸರ್ಟಿಫಿಕೇಟ್. ಒಡಂಬಡಿಕೆ ಒಪ್ಪಿದ ದೇಶಗಳ ಹಡಗಿನಲ್ಲಿ 2017ರ ಜನವರಿಯಿಂದ ಇದು ಇರಲೇಬೇಕು. ಮಾಲೀಕ ಕೈಬಿಟ್ಟರೆ ವಿಮೆ ಕಂಪನಿ ನಾಲ್ಕು ತಿಂಗಳವರೆಗಿನ ಬಾಕಿ ಸಂಬಳ, ಊರಿಗೆ ಹೋಗುವ ಖರ್ಚು, ಅಲ್ಲಿಯವರೆಗೆ ಊಟ, ನೀರು, ಔಷಧಿ, ಬದುಕಲು ಬೇಕಾದಷ್ಟು ಡೀಸೆಲ್ ಕೊಡಬೇಕು. ತಮ್ಮ ಆ ಕಾಗದವನ್ನು ದಿನಾ ನೋಡುತ್ತಿದ್ದ. ಹಡಗಿನಲ್ಲಿದ್ದ ಯಾರಿಗೂ ಅದರ ಬೆಲೆ ಯಾರೂ ಹೇಳಿಕೊಟ್ಟಿರಲಿಲ್ಲ.

ವಿಮೆ ಕಂಪನಿಯವರು ಸುಲಭಕ್ಕೆ ಒಪ್ಪಲಿಲ್ಲ. "ಮಾಲೀಕರು ಪ್ರೀಮಿಯಂ ಕಟ್ಟಿಲ್ಲ, ವಿಮೆ ರದ್ದಾಗಿದೆ" ಅಂದರು. ನನಗೆ ಕೈಕಾಲು ಆಡಲಿಲ್ಲ. ಇನ್‌ಸ್ಪೆಕ್ಟರ್ ಮಾತ್ರ ಶಾಂತವಾಗಿ ಒಂದು ನಿಯಮ ತೋರಿಸಿದರು. ಅವಧಿ ಮುಗಿಯುವ ಮೊದಲು ವಿಮೆ ನಿಲ್ಲಿಸಬೇಕಾದರೆ ಕಂಪನಿ ಬಾವುಟದ ದೇಶಕ್ಕೆ ಕನಿಷ್ಠ 30 ದಿನ ಮೊದಲು ತಿಳಿಸಬೇಕು. ಅಂಥ ನೋಟಿಸ್ ಬಂದಿದೆಯಾ ಅಂತ ಬಾವುಟದ ಕಚೇರಿಗೆ ಬರೆದರು. ಬಂದಿರಲಿಲ್ಲ. ವಿಮೆ ಜೀವಂತ ಇತ್ತು. ಕೆಲವು ದಿನಗಳಲ್ಲಿ ಒಂದು ದೋಣಿ ಹಡಗಿನ ಪಕ್ಕ ಬಂದು ನೀರಿನ ಕ್ಯಾನು, ತರಕಾರಿ, ಡೀಸೆಲ್ ಇಳಿಸಿತು. ಆ ರಾತ್ರಿ ತಮ್ಮ ವಿಡಿಯೋ ಕಾಲ್‌ನಲ್ಲಿ ಟೊಮ್ಯಾಟೊ ಹಿಡಿದು ಅವ್ವನಿಗೆ ತೋರಿಸಿದ. ಅವ್ವನಿಗೆ ಆಗಲೇ ಎಲ್ಲಾ ಗೊತ್ತಿತ್ತು ಅಂತ ನನಗೆ ಗೊತ್ತಾದದ್ದೂ ಅಂದೇ.

ಊಟ ಬಂದರೂ ಇಳಿಯಲು ಬಿಡಲಿಲ್ಲ. ಹಡಗಿನಲ್ಲಿ ಸುರಕ್ಷತೆಗೆ ಇಷ್ಟು ಜನ ಇರಲೇಬೇಕು ಅನ್ನುವ ನಿಯಮ ಇದೆ. ಎಲ್ಲರೂ ಇಳಿದರೆ ಲಂಗರು ಜಾರಿ ಬೇರೆ ಹಡಗಿಗೆ ಬಡಿಯಬಹುದು. ಬಂದರಿನವರ ಭಯದಲ್ಲೂ ಅರ್ಥ ಇದೆ. 2013ರಲ್ಲಿ ರೋಸಸ್ ಎಂಬ ಹಳೆಯ ಹಡಗು 2750 ಟನ್ ಅಮೋನಿಯಂ ನೈಟ್ರೇಟ್ ಹೊತ್ತು ಲೆಬನಾನ್‌ನ ಬೈರೂತ್‌ನಲ್ಲಿ ನಿಂತಿತು. ಮಾಲೀಕ ಕೈಬಿಟ್ಟ. ಕಪ್ತಾನ ಮತ್ತು ಕೆಲವು ಸಿಬ್ಬಂದಿ ತಿಂಗಳುಗಟ್ಟಲೆ ಅದರಲ್ಲೇ ಒತ್ತೆಯಾಳುಗಳಂತೆ ಉಳಿದರು. ಸರಕನ್ನು ಬಂದರಿನ ಗೋದಾಮಿಗೆ ಸಾಗಿಸಿದರು. 2020ರ ಆಗಸ್ಟ್ 4ರಂದು ಸಿಡಿದದ್ದು ಅದೇ ಸರಕು.

ಆದರೆ ಸುರಕ್ಷತೆಯ ಹೆಸರಿನಲ್ಲಿ ಒಬ್ಬನನ್ನೇ ಬಲಿ ಕೊಡಬಾರದಲ್ವಾ? ಸಿರಿಯಾದ ಮೊಹಮ್ಮದ್ ಆಯಿಷಾ ಎಂಬ ನಾವಿಕ ಈಜಿಪ್ಟಿನಲ್ಲಿ ಅಮಾನ್ ಎಂಬ ಹಡಗಿಗೆ ಕಾನೂನಿನ ಪ್ರಕಾರ ಕಾವಲುಗಾರ ಅಂತ ಒಂದು ಕಾಗದಕ್ಕೆ ಸಹಿ ಹಾಕಿದ. ಉಳಿದವರು ಹೋದರು. ಅವನು ಹೆಚ್ಚುಕಡಿಮೆ ನಾಲ್ಕು ವರ್ಷ ಆ ಹಡಗಿಗೆ ಕಟ್ಟುಬಿದ್ದ. ಫೋನ್ ಚಾರ್ಜ್ ಮಾಡಲು, ಊಟ ತರಲು ದಡಕ್ಕೆ ಈಜಿ ಹೋಗುತ್ತಿದ್ದನಂತೆ. 2021ರ ಏಪ್ರಿಲ್‌ನಲ್ಲಿ ಬಿಡುಗಡೆಯಾದ. ಇದನ್ನು ಓದಿದ ದಿನ ತಮ್ಮನಿಗೆ ಹೇಳಿದೆ: "ಏನೇ ಆಗಲಿ, ಕಾವಲುಗಾರ ಅಂತ ಯಾವ ಕಾಗದಕ್ಕೂ ಸಹಿ ಮಾಡಬ್ಯಾಡಪ್ಪ."

ಸಹಿಯ ಪ್ರಸಂಗ ಬೇರೆ ರೂಪದಲ್ಲಿ ಬಂತು. ಇಷ್ಟು ದಿನ ಪತ್ತೆಯಿಲ್ಲದ ಮ್ಯಾನೇಜರ್ ಕಂಪನಿಯ ಮನುಷ್ಯ ದೋಣಿಯಲ್ಲಿ ಬಂದ. ಬಾಕಿಯ ಮೂರನೇ ಒಂದು ಭಾಗದಷ್ಟು ನಗದು ತಂದಿದ್ದ. "ನನ್ನ ಎಲ್ಲಾ ಬಾಕಿ ತೀರಿದೆ, ಇನ್ನು ಹಡಗಿನ ಮೇಲೆ ಹಕ್ಕಿಲ್ಲ" ಎಂದು ಬರೆದ ಕಾಗದಕ್ಕೆ ಸಹಿ ಹಾಕಿದರೆ ಪಾಸ್‌ಪೋರ್ಟ್ ಕೊಡುತ್ತೇನೆ ಅಂದ. ಇಬ್ಬರು ಹಾಕಿದರು. ಒಬ್ಬರ ಮನೆಯಲ್ಲಿ ಹೆಂಡತಿಗೆ ಆಪರೇಷನ್ ಇತ್ತು. ಅವರನ್ನು ಯಾರೂ ಆಡಿಕೊಳ್ಳುವಂತಿಲ್ಲ. ತಮ್ಮ ಮತ್ತು ಉಳಿದವರು ಹಾಕಲಿಲ್ಲ. ಪಾಸ್‌ಪೋರ್ಟ್ ಹಿಡಿದಿಟ್ಟುಕೊಳ್ಳುವ ಹಕ್ಕು ಅವನಿಗಿಲ್ಲ ಅಂತ ಕಾನ್ಸುಲೇಟಿಗೆ ಬರೆದೆವು. ಅವು ಹಡಗಿಗೆ ವಾಪಸ್ ಬಂದವು. ವಿಮೆಯ ನಾಲ್ಕು ತಿಂಗಳ ದುಡ್ಡು ಬಂದಾಗ ರಸೀದಿಯಲ್ಲಿ "ಉಳಿದ ಸಂಬಳದ ಹಕ್ಕನ್ನು ಉಳಿಸಿಕೊಂಡು ಪಡೆದಿದ್ದೇನೆ" ಎಂಬ ಒಂದು ಸಾಲು ಸೇರಿಸಿಯೇ ಸಹಿ ಹಾಕಿದರು. ಈ ಒಂದು ಸಾಲು ತುಂಬಾ ಮುಖ್ಯ.

ಬಂದರಿನವರು ಕಾವಲಿಗೆ ಬೇರೆ ಜನರನ್ನು ಹಾಕಿದ ಮೇಲೆ ಸಿಬ್ಬಂದಿಯನ್ನು ಗುಂಪುಗುಂಪಾಗಿ ಇಳಿಸಿದರು. ತಮ್ಮ ಎರಡನೇ ಗುಂಪಿನಲ್ಲಿದ್ದ. ಇಳಿಯುವ ಮೊದಲು ಕಪ್ತಾನರಿಂದ ಸಿಡಿಸಿಯಲ್ಲಿ ಮುದ್ರೆ, ಸಹಿ ಹಾಕಿಸಿಕೊಂಡ. ಅದಿಲ್ಲದಿದ್ದರೆ ಅಷ್ಟು ತಿಂಗಳ ಸಮುದ್ರದ ದುಡಿಮೆ ಲೆಕ್ಕಕ್ಕೇ ಬರುತ್ತಿರಲಿಲ್ಲ. ಬಾಕಿ ಸಂಬಳದ ಪಟ್ಟಿಗೂ ಕಪ್ತಾನರ ಸಹಿ ಪಡೆದ. 2025ರ ಶುರುವಿನಲ್ಲಿ ಹೈದರಾಬಾದಿಗೆ ಬಂದಿಳಿದ. ಅಪ್ಪ ಮತ್ತು ನಾನು ಹೋಗಿದ್ದೆವು. ತುಂಬಾ ಸೊರಗಿದ್ದ. ಅಪ್ಪ ಏನೂ ಮಾತಾಡದೆ ಅವನ ಬ್ಯಾಗ್ ತಾವೇ ಹೊತ್ತುಕೊಂಡರು. ಮುಂದಿನ ಮಂಗಳವಾರ ಅವ್ವ ಹುಲಿಗಿಗೆ ಹೋಗಿ ಉಡಿ ತುಂಬಿ ಬಂದಳು.

ಏಜೆಂಟನ ಮೇಲೆ ಪೊಲೀಸರಿಗೂ ಡಿಜಿ ಶಿಪ್ಪಿಂಗ್‌ಗೂ ದೂರು ಕೊಟ್ಟಿದ್ದೇವೆ. ಅವನ ಆಫೀಸಿನ ಜಾಗದಲ್ಲಿ ಈಗ ಬೇರೆ ಬೋರ್ಡ್ ಇದೆ. ನಾಲ್ಕು ತಿಂಗಳು ಬಿಟ್ಟು ಉಳಿದ ಸಂಬಳ ಇನ್ನೂ ಬರಬೇಕು. ನಾವಿಕನ ಸಂಬಳದ ಹಕ್ಕು ಹಡಗಿನ ಮೇಲೇ ಇರುತ್ತದೆ ಅನ್ನುವುದು ಕಡಲ ಕಾನೂನಿನ ಹಳೆಯ ನಿಯಮ. ಕೋರ್ಟ್ ಹಡಗನ್ನು ಹರಾಜು ಹಾಕಿದರೆ ಆ ದುಡ್ಡಿನಲ್ಲಿ ಸಂಬಳಕ್ಕೆ ಮುಂಚೂಣಿಯ ಜಾಗ. ಮಾಲೀಕ ಸುಮ್ನೆ ಇನ್ನೊಬ್ಬನಿಗೆ ಮಾರಿದರೆ ಹಕ್ಕು ಅಳಿಯುವುದಿಲ್ಲ, ಹಡಗಿನ ಜೊತೆಗೇ ಹೋಗುತ್ತದೆ. ಆದರೆ ಇದಕ್ಕೆ ಗಡುವು ಇದೆ, ಎಷ್ಟೋ ದೇಶಗಳಲ್ಲಿ ಒಂದೇ ವರ್ಷ. ಅದಕ್ಕೇ ತಮ್ಮ ಮನೆಗೆ ಬಂದ ಕೂಡಲೇ ಯೂನಿಯನ್ ಮೂಲಕ ವಕೀಲರನ್ನು ಹಿಡಿದೆವು. ನಾನು ವಾರಕ್ಕೊಮ್ಮೆ ಎಕ್ವಾಸಿಸ್‌ನಲ್ಲಿ ಆ ನಂಬರ್ ಹಾಕಿ ನೋಡುತ್ತಿದ್ದೆ. ಒಂದು ದಿನ ಹೊಸ ಮಾಲೀಕ ಕಂಡ. ಅದನ್ನು ಪ್ರಿಂಟ್ ತೆಗೆದು ವಕೀಲರಿಗೆ ಕಳಿಸಿದೆ. ಅವರು ಕೇಳಿದ ಸಿಡಿಸಿ ಪ್ರತಿ, ಒಪ್ಪಂದ, ಕಪ್ತಾನರು ಸಹಿ ಹಾಕಿದ ಬಾಕಿ ಪಟ್ಟಿ, ಎಲ್ಲವನ್ನೂ ಗಂಗಾವತಿಯಲ್ಲೇ ನೋಟರಿ ಮಾಡಿಸಿ ಕೊರಿಯರ್ ಮಾಡಿದ್ದೇವೆ. ದುಡ್ಡು ಬಂದರೆ ಮೊದಲು ಹೊಲದ ಮೇಲಿನ ಸಾಲ ತೀರಿಸಬೇಕು.